ಸುಡದ ಮರದ ಜಗಲಿ

ಯೂರೋಪಿನ ಭೂಪಟದ ಉತ್ತರ ತುದಿಯಲ್ಲಿ, ಸ್ವೀಡನ್ ಮತ್ತು ರಷ್ಯಾಗಳ ನಡುವೆ ಇರುವ ದೇಶ ಫಿನ್‌ಲೆಂಡ್. ಕಾಡು, ನೀರು, ಚಳಿ ಮೂರೂ ಅಲ್ಲಿ ಧಾರಾಳ. ನೆಲದ ಮುಕ್ಕಾಲು ಪಾಲು ಕಾಡು. ಸಣ್ಣವು ದೊಡ್ಡವು ಸೇರಿ 1 ಲಕ್ಷ 80 ಸಾವಿರಕ್ಕೂ ಹೆಚ್ಚು ಸರೋವರಗಳು. ಜನ ಮಾತ್ರ 56 ಲಕ್ಷದಷ್ಟು, ಅಂದರೆ ಬೆಂಗಳೂರು ಒಂದರ ಅರ್ಧಕ್ಕೂ ಕಡಿಮೆ. ಇಷ್ಟು ಜನರಿಗೆ ಅಲ್ಲಿ 30 ಲಕ್ಷಕ್ಕೂ ಹೆಚ್ಚು ಸೌನಾಗಳಿವೆ ಎಂದರೆ ಮೊದಲ ಸಲ ಕೇಳುವವರು ನಂಬುವುದು ಕಷ್ಟ. ಹಳ್ಳಿಯ ಮನೆಗಷ್ಟೇ ಅಲ್ಲ, ಪಟ್ಟಣದ ಫ್ಲ್ಯಾಟುಗಳಿಗೂ, ಕಾರ್ಖಾನೆ, ಹಾಸ್ಟೆಲು, ಪಾರ್ಲಿಮೆಂಟ್ ಭವನಕ್ಕೂ ಸೌನಾ ಬೇಕು.

ಸೌನಾ ಎಂದರೆ ಬಿಸಿ ಗಾಳಿಯ ಸ್ನಾನದ ಮನೆ. ಇಂಗ್ಲಿಷಿನವರು ಈ ಪದವನ್ನು ‘ಸಾನಾ’ ಎಂದು ಎಳೆದು ಹೇಳುತ್ತಾರೆ. ಫಿನ್ನಿಷ್ ಜನ ಹೇಳುವುದು ‘ಸೌನಾ’ ಎಂದೇ. ನಮ್ಮ ಕನ್ನಡದ ‘ಸೌ’ ಅಕ್ಷರ ಆ ಉಚ್ಚಾರಕ್ಕೆ ಸರಿಯಾಗಿ ಹೊಂದುತ್ತದೆ. ಮರದ ಒಂದು ಪುಟ್ಟ ಕೋಣೆ, ಮೂಲೆಯಲ್ಲಿ ಒಲೆ, ಒಲೆಯ ಮೇಲೆ ಬುಟ್ಟಿ ತುಂಬ ಕಪ್ಪು ಕಲ್ಲು, ಅದರ ಎದುರಿಗೆ ಕುಳಿತುಕೊಳ್ಳಲು ಮೆಟ್ಟಿಲು ಮೆಟ್ಟಿಲಾಗಿ ಕಟ್ಟಿದ ಮರದ ಜಗಲಿ. ಇಷ್ಟೇ ಅದರ ಸರಂಜಾಮು. 2020ರಲ್ಲಿ ಯುನೆಸ್ಕೊ ಸಂಸ್ಥೆ ಫಿನ್‌ಲೆಂಡಿನ ಸೌನಾ ಸಂಸ್ಕೃತಿಯನ್ನು ಮಾನವಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು.

ಸೌನಾ ಬಗ್ಗೆ ಬರೆಯುವವರು ಹೆಚ್ಚಾಗಿ ಒಲೆಯನ್ನು, ಬೆಂಕಿಯನ್ನು, ಆಮೇಲೆ ಸರೋವರಕ್ಕೆ ಧುಮುಕುವ ಸಾಹಸವನ್ನು ವರ್ಣಿಸುತ್ತಾರೆ. ಮೈಯನ್ನು ಹೊತ್ತುಕೊಳ್ಳುವ ಆ ಮರದ ಜಗಲಿಯ ಕಡೆ ಯಾರ ಗಮನವೂ ಹೋಗುವುದಿಲ್ಲ. ಎಂಬತ್ತು ಡಿಗ್ರಿಯ ಕೋಣೆಯಲ್ಲಿ ಬರಿಮೈಯಲ್ಲಿ ಕುಳಿತರೂ ಸುಡದ ಒಂದು ಆಸನವನ್ನು ಮಾಡುವುದು ಸಣ್ಣ ಕೆಲಸವಲ್ಲ. ಅದರಲ್ಲಿ ನಮ್ಮ ಶಾಲೆಯ ವಿಜ್ಞಾನ ಪುಸ್ತಕದ ಉಷ್ಣದ ಪಾಠ ಪೂರ್ತಿ ಅಡಗಿದೆ. ಅಂಥ ಒಂದು ಜಗಲಿ ಕಣ್ಣೆದುರೇ ತಯಾರಾಗುವುದನ್ನು ನೋಡುವ ಅವಕಾಶ ಈ ಬಾರಿಯ ಬೇಸಿಗೆ ರಜೆಯಲ್ಲಿ ಒದಗಿತು.

ಎರಡು ಸರೋವರಗಳ ನಡುವಿನ ಊರು

ಮಗಳು ಮತ್ತು ಅಳಿಯ ಇರುವುದು ತಾಂಪೆರೆ ಎಂಬ ಊರಿನಲ್ಲಿ. ರಾಜಧಾನಿ ಹೆಲ್ಸಿಂಕಿಯಿಂದ ಉತ್ತರಕ್ಕೆ ಸುಮಾರು 180 ಕಿಲೋಮೀಟರ್, ರೈಲಿನಲ್ಲಿ ಎರಡು ಗಂಟೆಯೊಳಗಿನ ದಾರಿ. ಊರಿನ ಒಂದು ಪಕ್ಕ ನಾಸಿಯಾರ್ವಿ ಸರೋವರ, ಇನ್ನೊಂದು ಪಕ್ಕ ಪುಹಾಯಾರ್ವಿ ಸರೋವರ. ಮೊದಲನೆಯದರ ನೀರಿನ ಮಟ್ಟ ಎರಡನೆಯದಕ್ಕಿಂತ 18 ಮೀಟರ್ ಮೇಲಿದೆ. ಆ ಎತ್ತರದಿಂದ ಊರ ನಡುವೆಯೇ ಇಳಿದು ಹರಿಯುವ ನೀರಿನ ರಭಸವೇ ತಾಂಪೆರೆಯನ್ನು ಕೈಗಾರಿಕಾ ಪಟ್ಟಣ ಮಾಡಿದ್ದು. 1820ರಲ್ಲಿ ಶುರುವಾದ ಫಿನ್ಲೇಸನ್ ಹತ್ತಿ ಗಿರಣಿಯ ಕೆಂಪು ಇಟ್ಟಿಗೆಯ ಕಟ್ಟಡಗಳು ಈಗಲೂ ದಡದ ಮೇಲೆ ನಿಂತಿವೆ. 1882ರಲ್ಲಿ ಆ ಗಿರಣಿಯಲ್ಲಿ ವಿದ್ಯುದ್ದೀಪಗಳು ಬೆಳಗಿದವು.

ಗಿರಣಿಯ ಕೂಲಿಕಾರರು ಮನೆ ಮಾಡಿಕೊಂಡಿದ್ದ ಗುಡ್ಡದ ಬಡಾವಣೆ ಪಿಸ್ಪಲಾ. ಅಲ್ಲಿ 1906ರಿಂದ ನಡೆಯುತ್ತಿರುವ ‘ರಾಯಪೋರ್ತಿ’ ಎಂಬ ಸಾರ್ವಜನಿಕ ಸೌನಾ ಇದೆ. ಫಿನ್‌ಲೆಂಡಿನಲ್ಲಿ ಈಗಲೂ ಬಳಕೆಯಲ್ಲಿರುವ ಸಾರ್ವಜನಿಕ ಸೌನಾಗಳಲ್ಲಿ ಅದೇ ಅತ್ಯಂತ ಹಳೆಯದು. ರಾಯಪೋರ್ತಿ ಎಂದರೆ ‘ಗಡಿಬಾಗಿಲು’. ಗಂಡಸರಿಗೆ ಒಂದು ಕಡೆ, ಹೆಂಗಸರಿಗೆ ಇನ್ನೊಂದು ಕಡೆ. ಸೌದೆ ಒಲೆ. ಮನೆಯಲ್ಲಿ ಸ್ನಾನಕ್ಕೆ ಅನುಕೂಲವಿಲ್ಲದ ಕೂಲಿಕಾರರಿಗಾಗಿ ಹುಟ್ಟಿದ ಇಂಥ ಸೌನಾಗಳ ಜಗಲಿಯ ಮೇಲೆ ಇಂದು ಪ್ರೊಫೆಸರೂ ಬಸ್ ಡ್ರೈವರೂ ಪಕ್ಕಪಕ್ಕ ಕೂರುತ್ತಾರೆ. ಬಟ್ಟೆ ಕಳಚಿದ ಮೇಲೆ ಯಾರು ಯಾರೆಂದು ಹೇಳುವುದು ಹೇಗೆ? ಸೌನಾದೊಳಗೆ ಚರ್ಚಿನಲ್ಲಿ ಇರುವಂತೆ ಇರಬೇಕು ಎಂಬುದು ಅವರ ಗಾದೆ. ಕೂಗಾಟ, ಜಗಳ, ಕೀಟಲೆಗೆ ಅಲ್ಲಿ ಜಾಗವಿಲ್ಲ.

ಅಜ್ಜಿಗೆ ಏರಲಾಗದ ಮೆಟ್ಟಿಲು

ಅಳಿಯನ ಸಹೋದ್ಯೋಗಿಯೊಬ್ಬರು ಐವತ್ತು ದಾಟಿದವರು. ತಾಂಪೆರೆಯಿಂದ ಒಂದು ಗಂಟೆ ದೂರದಲ್ಲಿ, ಸರೋವರದ ದಡದಲ್ಲಿ ಅವರದೊಂದು ಬೇಸಿಗೆ ಮನೆ ಇದೆ. ಮೇ ತಿಂಗಳ ಕೊನೆಯ ವಾರ ಎರಡು ದಿನದ ಮಟ್ಟಿಗೆ ನಮ್ಮೆಲ್ಲರನ್ನೂ ಅಲ್ಲಿಗೆ ಕರೆದರು. ಬರ್ಚ್ ಮರಗಳು ಆಗಷ್ಟೇ ಚಿಗುರಿದ್ದವು. ಸರೋವರದ ಮಂಜುಗಡ್ಡೆ ಕರಗಿ ಕೆಲವೇ ವಾರಗಳಾಗಿದ್ದವು. ರಾತ್ರಿ ಹತ್ತೂವರೆಗೂ ಆಕಾಶದಲ್ಲಿ ಬೆಳಕಿತ್ತು.

ನಾವು ಹೋದಾಗ ಸೌನಾದ ಹಳೆಯ ಜಗಲಿಯನ್ನು ಬಿಚ್ಚಿ ಹೊರಗೆ ಹುಲ್ಲಿನ ಮೇಲೆ ಹಾಕಿದ್ದರು. ಹಲಗೆಗಳು ಇಪ್ಪತ್ತೈದು ವರ್ಷದ ಬಳಕೆಯಿಂದ ಕಪ್ಪಿಟ್ಟಿದ್ದವು, ಆದರೆ ಕೊಳೆತಿರಲಿಲ್ಲ. ಮತ್ತೇಕೆ ಬಿಚ್ಚಿದಿರಿ ಎಂದು ಕೇಳಿದೆ. ಅವರು ಮನೆಯ ಮುಂದೆ ಕುರ್ಚಿಯಲ್ಲಿ ಕುಳಿತಿದ್ದ ತಮ್ಮ ತಾಯಿಯ ಕಡೆ ಕೈ ತೋರಿಸಿದರು. ಅಜ್ಜಿಗೆ ಎಂಬತ್ತಾರು ವರ್ಷ. ಕಳೆದ ಚಳಿಗಾಲದಲ್ಲಿ ಸೊಂಟದ ಕೀಲಿನ ಶಸ್ತ್ರಚಿಕಿತ್ಸೆ ಆಗಿದೆ. ಹಳೆಯ ಜಗಲಿಗೆ ಒಂದೊಂದೂ ಮೊಣಕಾಲೆತ್ತರದ ಎರಡು ಮೆಟ್ಟಿಲು. ಅವನ್ನು ಏರಲು ಈಗ ಆಕೆಗೆ ಆಗುವುದಿಲ್ಲ. ಹಾಗಾಗಿ ನಾಲ್ಕೈದು ತಿಂಗಳಿಂದ, ಶನಿವಾರ ಎಲ್ಲರೂ ಮೇಲೆ ಕೂತರೆ ಅಜ್ಜಿ ಮಾತ್ರ ನೆಲದ ಮೇಲೆ ಒಂದು ಸ್ಟೂಲ್ ಹಾಕಿಕೊಂಡು ಕೂರುತ್ತಿದ್ದರು. ಕೊನೆಗೆ ಒಂದು ಶನಿವಾರ, ‘ಇದು ಸೌನಾ ಅಲ್ಲ, ಬೆಚ್ಚಗಿನ ಕೋಣೆ, ನಾನು ಬರುವುದಿಲ್ಲ’ ಎಂದುಬಿಟ್ಟರಂತೆ.

ಈ ಮಾತಿನ ಭಾರ ನಮಗೆ ತಟ್ಟನೆ ಅರ್ಥವಾಗಲಾರದು. ಆ ಅಜ್ಜಿ ಹುಟ್ಟಿದ್ದೇ ಒಂದು ಸೌನಾದೊಳಗೆ. ಕಳೆದ ಶತಮಾನದ ಮೊದಲ ಕೆಲವು ದಶಕಗಳವರೆಗೂ ಫಿನ್‌ಲೆಂಡಿನ ಹಳ್ಳಿಗಳಲ್ಲಿ ಹೆರಿಗೆ ಆಗುತ್ತಿದ್ದುದು ಅಲ್ಲಿಯೇ. ಆಗಿನವು ಬಹುಪಾಲು ಹೊಗೆ ಸೌನಾಗಳು. ಒಲೆಗೆ ಚಿಮಣಿಯೇ ಇಲ್ಲ. ಗಂಟೆಗಟ್ಟಲೆ ಸೌದೆ ಉರಿಸಿ, ಕಲ್ಲು ಕಾದ ಮೇಲೆ ಬೆಂಕಿ ಆರಲು ಬಿಟ್ಟು, ಗೋಡೆಯ ಕಿಂಡಿಯಿಂದ ಹೊಗೆಯನ್ನೆಲ್ಲ ಹೊರಗೆ ಕಳಿಸಿ, ಆಮೇಲೆ ಒಳಗೆ ಹೋಗಬೇಕು. ಕೋಣೆ ಬೆಚ್ಚಗೆ, ಬಿಸಿನೀರು ಕೈಗೆ ಸಿಗುವಂತೆ, ಜನರ ಓಡಾಟದಿಂದ ದೂರ. ಹೆರಿಗೆಗೆ ಅದಕ್ಕಿಂತ ಒಳ್ಳೆಯ ಜಾಗ ಆ ಚಳಿಯ ನಾಡಿನ ಹಳ್ಳಿಯಲ್ಲಿ ಬೇರೆ ಇರಲಿಲ್ಲ. ಸತ್ತವರಿಗೆ ಕೊನೆಯ ಸ್ನಾನ ಮಾಡಿಸುತ್ತಿದ್ದುದೂ ಅಲ್ಲೇ. ಹಂಡೆ ತುಂಬ ನೀರು ಕಾಯಿಸಿ ಬಾಣಂತಿಗೆ ಎರೆಯುವ ನಮ್ಮ ಮಲೆನಾಡಿನ ಬಚ್ಚಲುಮನೆ ನೆನಪಾಗದೆ ಇರಲಿಲ್ಲ. ಅಲ್ಲಿಯೂ ಹೊಗೆ, ಅಲ್ಲಿಯೂ ಕತ್ತಲು, ಅಲ್ಲಿಯೂ ಹೊಸ ಜೀವಕ್ಕೆ ಮೊದಲ ಬಿಸಿ.

ಮೇಲೆ ಬಿಸಿ, ಕೆಳಗೆ ತಂಪು

ಅಜ್ಜಿಗಾಗಿ ಜಗಲಿಯನ್ನೇ ತಗ್ಗಿಸಿ ಕಟ್ಟಿದರೆ ಆಗದೆ ಎಂದು ಯಾರಿಗಾದರೂ ಅನ್ನಿಸುತ್ತದೆ. ಆಗುವುದಿಲ್ಲ. ಕಾರಣ ಉಷ್ಣ ಸಂವಹನ. ಕಾದ ಗಾಳಿ ಹಿಗ್ಗಿ ಹಗುರಾಗಿ ಮೇಲೇರುತ್ತದೆ, ತಣ್ಣನೆಯ ಗಾಳಿ ಕೆಳಗೆ ತಂಗುತ್ತದೆ. ಮುಚ್ಚಿದ ಪುಟ್ಟ ಕೋಣೆಯಲ್ಲಿ ಈ ಭೇದ ಎಷ್ಟಿರುತ್ತದೆ ಎಂದು ನೋಡಲು, ಮರುದಿನ ಸಂಜೆ ಒಲೆ ಕಾದ ಮೇಲೆ ಅಲ್ಲಿದ್ದ ಥರ್ಮಾಮೀಟರನ್ನು ಬೇರೆ ಬೇರೆ ಎತ್ತರದಲ್ಲಿ ಇಟ್ಟು ನೋಡಿದೆ. ಮೇಲಿನ ಜಗಲಿಯಲ್ಲಿ ಕುಳಿತವರ ತಲೆಯ ಮಟ್ಟದಲ್ಲಿ 88 ಡಿಗ್ರಿ ಸೆಲ್ಸಿಯಸ್, ಕೂರುವ ಹಲಗೆಯ ಮಟ್ಟದಲ್ಲಿ 75, ಕಾಲಿಡುವ ಮಟ್ಟದಲ್ಲಿ 58, ನೆಲದ ಹತ್ತಿರ 33. ಒಂದೇ ಕೋಣೆ, ಒಂದೇ ಒಲೆ. ತಲೆ ಇರುವ ಕಡೆ ಮರುಭೂಮಿಗಿಂತ ಉರಿ, ನೆಲದ ಹತ್ತಿರ ಬಳ್ಳಾರಿಯ ಒಂದು ಸಾಧಾರಣ ಮಧ್ಯಾಹ್ನ.

ಆದ್ದರಿಂದ ಫಿನ್ನಿಷ್ ಬಡಗಿಗಳಲ್ಲಿ ಒಂದು ನಿಯಮವಿದೆ. ಜಗಲಿಯ ಮೇಲೆ ಕುಳಿತವರ ಪಾದ ಒಲೆಯ ಕಲ್ಲುಗಳ ಮೇಲ್ಮಟ್ಟಕ್ಕಿಂತ ಕೆಳಗೆ ಇರಬಾರದು. ಇಲ್ಲದಿದ್ದರೆ ತಲೆ ಬೇಯುತ್ತದೆ, ಕಾಲು ತಣ್ಣಗಿರುತ್ತದೆ. ಇನ್ನೊಂದು ಕಡೆ, ಜಗಲಿಗೂ ಸೂರಿಗೂ ನಡುವೆ 110ರಿಂದ 120 ಸೆಂಟಿಮೀಟರ್ ಬಿಡಬೇಕು. ಹೆಚ್ಚು ಬಿಟ್ಟರೆ ಒಳ್ಳೆಯ ಬಿಸಿಯೆಲ್ಲ ತಲೆಯ ಮೇಲೆಯೇ ವ್ಯರ್ಥ, ಕಡಿಮೆ ಬಿಟ್ಟರೆ ತಲೆ ಸೂರಿಗೆ ತಾಗುತ್ತದೆ. ಈ ಎರಡು ಅಳತೆಗಳು ಸೇರಿ ಜಗಲಿಯ ಎತ್ತರವನ್ನು ಗಟ್ಟಿ ಮಾಡಿಬಿಡುತ್ತವೆ. ಆ ಸೌನಾದ ಸೂರು ನೆಲದಿಂದ 240 ಸೆಂ.ಮೀ., ಒಲೆಯ ಕಲ್ಲಿನ ಮಟ್ಟ 80 ಸೆಂ.ಮೀ. ಅಂದ ಮೇಲೆ ಕಾಲಿಡುವ ಹಲಗೆ 82ರಲ್ಲಿ, ಕೂರುವ ಹಲಗೆ 125ರಲ್ಲಿ ಇರಲೇಬೇಕು. ಅಜ್ಜಿಗಾಗಿ ಜಗಲಿಯನ್ನು ಕೆಳಗೆ ತರುವಂತಿಲ್ಲ, ಅಜ್ಜಿಯನ್ನೇ ಮೇಲಕ್ಕೆ ತರಬೇಕು.

ಮಗ ಚಳಿಗಾಲವೆಲ್ಲ ಕಾಗದದ ಮೇಲೆ ಗೆರೆ ಎಳೆದು ಒಂದು ದಾರಿ ಕಂಡುಕೊಂಡಿದ್ದರು. 82 ಸೆಂ.ಮೀ. ಎತ್ತರವನ್ನು ಎರಡು ಮೆಟ್ಟಿಲಿನ ಬದಲು ನಾಲ್ಕು ಮಾಡುವುದು. ಆಗ ಒಂದೊಂದಕ್ಕೆ ಇಪ್ಪತ್ತೂವರೆ ಸೆಂ.ಮೀ., ಅಂದರೆ ಸುಮಾರು ನಮ್ಮ ಮನೆಗಳ ಮಹಡಿ ಮೆಟ್ಟಿಲಿನಷ್ಟು. ಪ್ರತಿ ಮೆಟ್ಟಿಲೂ ಪೂರ್ತಿ ಪಾದ ಊರುವಷ್ಟು, 30 ಸೆಂ.ಮೀ. ಅಗಲ. ಗೋಡೆಯ ಪಕ್ಕಕ್ಕೆ ಒಂದು, ಒಲೆಯ ಪಕ್ಕಕ್ಕೆ ಒಂದು ಮರದ ಕೈಹಿಡಿ. ನಾಲ್ಕನೆಯ ಮೆಟ್ಟಿಲೇ ಕಾಲಿಡುವ ಹಲಗೆ. ಅಲ್ಲಿ ನಿಂತು ಹಿಂದಕ್ಕೆ ಕೂತರೆ ಕುರ್ಚಿಯ ಎತ್ತರದಲ್ಲಿ ಜಗಲಿ. ಇದಕ್ಕಾಗಿ ಕೋಣೆಯ ಒಂದು ಪಕ್ಕದಲ್ಲಿ ಒಬ್ಬರು ಕೂರುವಷ್ಟು ಜಾಗ ಬಿಟ್ಟುಕೊಡಬೇಕಾಯಿತು. ಮೊಮ್ಮಕ್ಕಳು ಒಪ್ಪಿದರಂತೆ. ಅಜ್ಜಿಯ ವೈದ್ಯರನ್ನೂ ಮೊದಲೇ ಕೇಳಿ ಒಪ್ಪಿಗೆ ಪಡೆದಿದ್ದರು.

ಯಾವ ಮರ?

ಕಾಡು ತುಂಬ ಇರುವ ದೇಶದಲ್ಲಿ ಮರಕ್ಕೇನು ಬರ? ಆದರೆ ಎಲ್ಲ ಮರವೂ ಜಗಲಿಗೆ ಬರುವುದಿಲ್ಲ. ಅಲ್ಲಿ ಹೇರಳವಾಗಿರುವುದು ಪೈನ್ ಮತ್ತು ಸ್ಪ್ರೂಸ್. ಇವುಗಳಲ್ಲಿ ರಾಳ ಇರುತ್ತದೆ. ಬಿಸಿಗೆ ಅದು ಕರಗಿ ಹೊರಗೆ ಒಸರಿ ಮೈಗೆ ಅಂಟುತ್ತದೆ, ಸುಡುತ್ತದೆ. ಗಂಟುಗಳಂತೂ ಗಟ್ಟಿಯಾಗಿ, ರಾಳ ತುಂಬಿಕೊಂಡು, ಪಕ್ಕದ ಮರಕ್ಕಿಂತ ಹೆಚ್ಚು ಬಿಸಿ ಮುಟ್ಟಿಸುತ್ತವೆ. ಹಾಗಾಗಿ ಸ್ಪ್ರೂಸ್ ಮರ ಗೋಡೆಗೆ, ಜಗಲಿಯ ಅಡಿಯ ಚೌಕಟ್ಟಿಗೆ ಮಾತ್ರ. ಮೈ ತಾಗುವ ಕಡೆಗೆಲ್ಲ ಆಸ್ಪೆನ್ ಅಥವಾ ಆಲ್ಡರ್. ಸಣ್ಣ ಗಾಳಿಗೂ ಎಲೆ ನಡುಗಿಸುವ ಆಸ್ಪೆನ್ ಬಿಳಿ ಬಣ್ಣದ ಹಗುರ ಮರ. ಯೂರೋಪಿನಲ್ಲಿ ಬೆಂಕಿಕಡ್ಡಿಗೂ ಇದನ್ನೇ ಬಳಸುತ್ತಿದ್ದರು. ಆಲ್ಡರ್ ನೀರಿನ ದಡದಲ್ಲಿ ಬೆಳೆಯುವ ಕೆಂಚು ಮರ. ಈ ಮನೆಯವರು ತಮ್ಮದೇ ಕಾಡಿನ ಆಸ್ಪೆನ್ ಮರವನ್ನು ಕೊಯ್ಯಿಸಿ ಎರಡು ವರ್ಷ ನೆರಳಲ್ಲಿ ಒಣಗಿಸಿಟ್ಟಿದ್ದರು.

ನಮ್ಮ ತೇಗ ಇದಕ್ಕಿಂತ ಶ್ರೇಷ್ಠ ಅಲ್ಲವೇ ಎಂದು ಕೇಳಬಹುದು. ಬಾಗಿಲಿಗೆ, ಕುರ್ಚಿಗೆ ಖಂಡಿತ ಶ್ರೇಷ್ಠ. ಸೌನಾದ ಜಗಲಿಗೆ ಹಗುರ ಮರವೇ ಮೇಲು. ಇಲ್ಲಿ ಒಂದು ವಿಷಯವನ್ನು ವಿದ್ಯಾರ್ಥಿಗಳು ಚೆನ್ನಾಗಿ ಗಮನಿಸಬೇಕು. ಬೆಳಗಿನ ಚಳಿಯಲ್ಲಿ ಊಟದ ಕೋಣೆಯ ಸಿಮೆಂಟು ನೆಲದ ಮೇಲೆ ಕೂತರೆ ಮೈ ಜುಮ್ಮೆನ್ನುತ್ತದೆ, ಅದೇ ನೆಲದ ಮೇಲೆ ಇಟ್ಟ ಹಲಸಿನ ಮಣೆಯ ಮೇಲೆ ಕೂತರೆ ಬೆಚ್ಚಗಿರುತ್ತದೆ. ಥರ್ಮಾಮೀಟರ್ ಇಟ್ಟು ನೋಡಿದರೆ ನೆಲಕ್ಕೂ ಮಣೆಗೂ ಒಂದೇ ಉಷ್ಣಾಂಶ. ನಮ್ಮ ಚರ್ಮ ಅಳೆಯುವುದು ವಸ್ತುವಿನ ಉಷ್ಣಾಂಶವನ್ನಲ್ಲ, ಉಷ್ಣ ಎಷ್ಟು ವೇಗವಾಗಿ ಮೈಯಿಂದ ಹೋಗುತ್ತಿದೆ ಅಥವಾ ಮೈಗೆ ಬರುತ್ತಿದೆ ಎಂಬುದನ್ನು. ಸಿಮೆಂಟು ಉಷ್ಣವನ್ನು ಬೇಗ ಎಳೆದುಕೊಳ್ಳುತ್ತದೆ, ಮಣೆ ನಿಧಾನ. ಸೌನಾದಲ್ಲಿ ಇದೇ ಪಾಠ ತಲೆಕೆಳಗಾಗುತ್ತದೆ, ಅಷ್ಟೆ. ಅಲ್ಲಿ ವಸ್ತುಗಳೇ ಮೈಗಿಂತ ಬಿಸಿ. ನಿಧಾನವಾಗಿ ಬಿಸಿ ಕೊಡುವ ವಸ್ತು ಮೈಗೆ ಹಿತ.

36 ಡಿಗ್ರಿಯ ಚರ್ಮ 75 ಡಿಗ್ರಿಯ ವಸ್ತುವಿಗೆ ತಾಗಿದ ಕ್ಷಣ ಅವೆರಡರ ನಡುವಿನ ಉಷ್ಣಾಂಶ ಎಷ್ಟಾಗುತ್ತದೆ ಎಂದು ಲೆಕ್ಕ ಹಾಕಬಹುದು. ವಸ್ತುವಿನ ಉಷ್ಣವಾಹಕತೆ, ಸಾಂದ್ರತೆ, ವಿಶಿಷ್ಟ ಉಷ್ಣ ಈ ಮೂರೂ ಆ ಲೆಕ್ಕಕ್ಕೆ ಬರುತ್ತವೆ. ಸ್ಥೂಲವಾಗಿ ಆಸ್ಪೆನ್ ಹಲಗೆಯಾದರೆ 44 ಡಿಗ್ರಿ, ತೇಗವಾದರೆ 46, ಸ್ಟೇನ್‌ಲೆಸ್ ಸ್ಟೀಲ್ ಆದರೆ 70. ಚರ್ಮಕ್ಕೆ ನೋವಾಗಲು ಶುರುವಾಗುವುದು 45ರ ಆಸುಪಾಸಿನಲ್ಲಿ. ಎರಡೇ ಡಿಗ್ರಿ ವ್ಯತ್ಯಾಸ ಎಂದು ತಳ್ಳಿಹಾಕುವಂತಿಲ್ಲ. ಹಿತ ಮತ್ತು ಉರಿಗಳ ಗಡಿ ಸರಿಯಾಗಿ ಅಲ್ಲಿಯೇ ಇದೆ. ಸ್ಟೀಲಿನ ಮಾತು ಹೇಳುವುದೇ ಬೇಡ, ಮುಟ್ಟಿದರೆ ಬೊಬ್ಬೆ. ಒಳಗೆ ಹೋಗುವ ಮೊದಲು ನನ್ನ ಕನ್ನಡಕ, ಉಂಗುರ, ಕೈಗಡಿಯಾರ, ಬೆಳ್ಳಿ ಉಡಿದಾರ ಎಲ್ಲವನ್ನೂ ತೆಗೆಸಿಟ್ಟಿದ್ದು ಇದಕ್ಕೇ.

ಮನೆಯಲ್ಲಿ ಇದನ್ನು ಸುಲಭವಾಗಿ ಪರೀಕ್ಷಿಸಬಹುದು. ಒಂದೇ ಅಳತೆಯ ಎರಡು ಮಂಜುಗಡ್ಡೆ ತುಂಡು ತೆಗೆದುಕೊಳ್ಳಿ. ಒಂದನ್ನು ಮರದ ಮಣೆಯ ಮೇಲೆ, ಇನ್ನೊಂದನ್ನು ದಪ್ಪ ಅಲ್ಯೂಮಿನಿಯಂ ಪಾತ್ರೆಯ ತಳದ ಮೇಲೆ ಇಡಿ. ಮುಟ್ಟಿದರೆ ಪಾತ್ರೆಯೇ ತಣ್ಣಗಿದೆ ಅನ್ನಿಸುತ್ತದೆ. ಆದರೆ ಯಾವುದರ ಮೇಲಿನ ತುಂಡು ಮೊದಲು ಕರಗುತ್ತದೆ ಎಂದು ಕಾದು ನೋಡಿ, ಏಕೆ ಎಂದು ಮಕ್ಕಳೇ ಹೇಳಲಿ.

ಮೊಳೆ ಕಾಣಬಾರದು

ಕೆಲಸ ಎರಡು ದಿನ ನಡೆಯಿತು. ಮೊದಲು ಸ್ಪ್ರೂಸ್ ತೊಲೆಗಳ ಚೌಕಟ್ಟು, 60 ಸೆಂಟಿಮೀಟರಿಗೊಂದು ಆಧಾರ. ಮೂರು ಜನ ಒಟ್ಟಿಗೆ ಕೂತರೂ ಹಲಗೆ ಬಾಗಬಾರದು. ಅದರ ಮೇಲೆ 9 ಸೆಂ.ಮೀ. ಅಗಲ, 28 ಮಿಲಿಮೀಟರ್ ದಪ್ಪದ ಆಸ್ಪೆನ್ ಪಟ್ಟಿಗಳು. ಮೇಲಿನ ಜಗಲಿಗೆ ಇಂಥ ಆರು ಪಟ್ಟಿ. ಎರಡು ಪಟ್ಟಿಗಳ ನಡುವೆ ಒಂದು ಸೆಂಟಿಮೀಟರ್ ಸಂದು. ಎಲ್ಲ ಸೇರಿ 59 ಸೆಂ.ಮೀ. ಅಗಲದ ಆಸನ. ಆ ಸಂದುಗಳಿಗೆ ಮೂರು ಕೆಲಸ. ನೀರು, ಬೆವರು ಕೆಳಗಿಳಿಯಬೇಕು. ಗಾಳಿ ಆಡಿ ಮರ ಒಣಗಬೇಕು. ಮೂರನೆಯದು, ಮರ ಹಿಗ್ಗಲು ಜಾಗ ಬೇಕು. ನೀರು ಹೀರಿದ ಮರ ಉದ್ದಕ್ಕೆ ಹೆಚ್ಚೇನೂ ಹಿಗ್ಗುವುದಿಲ್ಲ, ಅಡ್ಡಕ್ಕೆ ಹಿಗ್ಗುತ್ತದೆ. ನಮ್ಮಲ್ಲಿ ಮಳೆಗಾಲದಲ್ಲಿ ಬಾಗಿಲು ಬಿಗಿಯಾಗುವುದು ಇದೇ ಕಾರಣಕ್ಕೆ.

ಮಗ ಒಂದೊಂದು ಪಟ್ಟಿಯನ್ನೂ ಎರಡೂ ಮಗ್ಗುಲು ತಿರುಗಿಸಿ ನೋಡುತ್ತಿದ್ದರು. ಗಂಟಿರುವ ಮುಖ ಕೆಳಗೆ, ನುಣುಪು ಮುಖ ಮೇಲೆ. ಅಂಚುಗಳಿಗೆಲ್ಲ ತೋಪಡ ಹೊಡೆದು, ಸ್ಯಾಂಡ್ ಪೇಪರಿನಿಂದ ಉಜ್ಜಿ, ಕೈಯಾಡಿಸಿದರೆ ಸಿಬಿರು ಸಿಗದಂತೆ ದುಂಡಗೆ ಮಾಡಿದರು. ಬರಿಮೈಯಲ್ಲಿ ಕೂರುವ ಆಸನ ತಾನೆ. ಆಮೇಲಿನದು ಮುಖ್ಯ ಕೆಲಸ. ಸ್ಕ್ರೂಗಳೆಲ್ಲ ಕೆಳಗಿನಿಂದ. ಅಡ್ಡಪಟ್ಟಿಯ ಮೂಲಕ ಮೇಲಕ್ಕೆ ಏರಿದ ಸ್ಕ್ರೂ, 28 ಮಿ.ಮೀ. ಹಲಗೆಯೊಳಗೆ 18 ಮಿ.ಮೀ. ಮಾತ್ರ ಹೋಗಿ ನಿಲ್ಲಬೇಕು. ಮೇಲ್ಮುಖದಲ್ಲಿ ಒಂದು ಲೋಹದ ಚುಕ್ಕೆಯೂ ಕಾಣಬಾರದು. ಸ್ಟೇನ್‌ಲೆಸ್ ಸ್ಟೀಲಿನ ಉಷ್ಣವಾಹಕತೆ ಆಸ್ಪೆನ್ ಮರದ್ದಕ್ಕಿಂತ ನೂರು ಪಟ್ಟಿಗೂ ಹೆಚ್ಚು. ಮೇಲೆ ಕಾಣುವ ಒಂದೇ ಒಂದು ಸ್ಕ್ರೂ ತಲೆ ಸಾಕು, ತೊಡೆಗೆ ಬರೆ ಎಳೆದಂತೆ ಆಗಲು. ಕೈಹಿಡಿಯ ಸ್ಕ್ರೂಗಳನ್ನು ಮರದೊಳಗೆ ಆಳಕ್ಕೆ ಇಳಿಸಿ, ತೂತಿಗೆ ಅದೇ ಮರದ ಬಿರಟೆ ಬಡಿದು ಮುಚ್ಚಿದರು. ಅಜ್ಜಿ ತಡವರಿಸಿದಾಗ ಮೊದಲು ಹಿಡಿಯುವುದು ಅದನ್ನೇ.

ವಾರ್ನಿಶ್ ಹಚ್ಚಲಿಲ್ಲ, ಬಣ್ಣವೂ ಇಲ್ಲ. ಬಿಸಿಗೆ ಅದು ಮೆದುವಾಗಿ ವಾಸನೆ ಬರುತ್ತದೆ. ಮರದ ರಂಧ್ರಗಳೂ ಮುಚ್ಚಿಹೋಗಿ ಬೆವರು ಮೇಲೆಯೇ ನಿಲ್ಲುತ್ತದೆ. ತೆಳುವಾಗಿ ಪ್ಯಾರಾಫಿನ್ ಎಣ್ಣೆ ಒರೆಸಿದರು, ಅಷ್ಟೆ. ನೀರು ಬೇಗ ಹೀರುವ ಪಟ್ಟಿಯ ತುದಿಗಳಿಗೆ ಎರಡು ಸಲ. ಇನ್ನೊಂದು ಜಾಣತನವೆಂದರೆ, ಜಗಲಿಯ ಮೇಲ್ಭಾಗವನ್ನು ಚೌಕಟ್ಟಿಗೆ ಜಡಿಯುವುದೇ ಇಲ್ಲ. ಮಂಚದ ಹಲಗೆಯಂತೆ ಬರಿದೆ ಕೂರಿಸುತ್ತಾರೆ. ಬೇಕಾದಾಗ ಇಬ್ಬರು ಎತ್ತಿ ಹೊರಗೆ ತಂದು, ಉಜ್ಜಿ ತೊಳೆದು, ಬಿಸಿಲಿಗೆ ಹಾಕಬಹುದು. ಇಪ್ಪತ್ತೈದು ವರ್ಷವಾದರೂ ಹಳೆಯ ಹಲಗೆ ಏಕೆ ಕೊಳೆತಿರಲಿಲ್ಲ ಎಂಬುದು ಆಗ ತಿಳಿಯಿತು.

ನೀರಿನ ಉಸಿರು

ಇಷ್ಟು ಬಿಸಿಯಲ್ಲಿ ಮನುಷ್ಯ ಬೇಯುವುದಿಲ್ಲವೇ? ಈ ಪ್ರಶ್ನೆ ಹೊಸದಲ್ಲ. 1774ರಲ್ಲಿ ಲಂಡನ್ನಿನಲ್ಲಿ ಚಾರ್ಲ್ಸ್ ಬ್ಲ್ಯಾಗ್ಡನ್ ಎಂಬ ವೈದ್ಯ ತನ್ನ ಗೆಳೆಯರೊಂದಿಗೆ, ನೀರು ಕುದಿಯುವ ಬಿಂದುವಿಗಿಂತಲೂ ಬಿಸಿ ಮಾಡಿದ ಒಣ ಕೋಣೆಯೊಳಗೆ ಹೊಕ್ಕು ಪ್ರಯೋಗ ಮಾಡಿದ. ಜೊತೆಯಲ್ಲಿಟ್ಟಿದ್ದ ಮೊಟ್ಟೆ ಗಟ್ಟಿಯಾಗಿ ಬೆಂದಿತು, ಮಾಂಸವೂ ಬೆಂದಿತು, ಬ್ಲ್ಯಾಗ್ಡನ್ ಮಾತ್ರ ಕ್ಷೇಮವಾಗಿ ಹೊರಗೆ ಬಂದ. ತನ್ನದೇ ಉಸಿರು ಬೆರಳಿಗೆ ತಂಪಾಗಿ ತಾಗುತ್ತಿತ್ತು ಎಂದು ಆತ ದಾಖಲಿಸಿದ್ದಾನೆ. ಗಾಳಿ ಉಷ್ಣದ ದುರ್ಬಲ ವಾಹಕ. ಜೊತೆಗೆ ಬೆವರು ಆವಿಯಾಗುತ್ತ ಮೈಯ ಉಷ್ಣವನ್ನು ಒಯ್ಯುತ್ತದೆ. ಈ ಎರಡೂ ಸೇರಿ, ಸ್ವಲ್ಪ ಹೊತ್ತಿನ ಮಟ್ಟಿಗೆ, ದೇಹವನ್ನು ಕಾಯುತ್ತವೆ.

ಈಗ ಕಾದ ಕಲ್ಲಿನ ಮೇಲೆ ಒಂದು ಸೌಟು ನೀರು ಹಾಕಿ. ಆಟದ ನಿಯಮವೇ ಬದಲಾಗುತ್ತದೆ. 200 ಮಿಲಿಲೀಟರ್ ನೀರು ಹಬೆಯಾದರೆ ಸುಮಾರು 330 ಲೀಟರ್ ಜಾಗ ತುಂಬುತ್ತದೆ. ಅದು ಚುಯ್ ಎಂದು ಮೇಲೆದ್ದು ಸೂರಿಗೆ ತಾಗಿ, ಅಲ್ಲಿಂದ ಬಾಗಿ ಜಗಲಿಯಲ್ಲಿ ಕೂತವರ ಹೆಗಲ ಮೇಲೆ ಇಳಿಯುತ್ತದೆ. ಥರ್ಮಾಮೀಟರ್ ಹೆಚ್ಚೇನೂ ಏರುವುದಿಲ್ಲ. ಆದರೂ ಮೈಗೆ ಒಮ್ಮೆಲೆ ಬಿಸಿಯ ಅಲೆ ಬಡಿಯುತ್ತದೆ. ಜಗಲಿಯ ಮೇಲೆ ಇರುವ ವಸ್ತುಗಳಲ್ಲೆಲ್ಲ ತಂಪಾದುದು ನಮ್ಮ ಚರ್ಮವೇ. ತಣ್ಣೀರಿನ ಲೋಟದ ಹೊರಮೈಯಲ್ಲಿ ಹನಿ ಕೂಡುವಂತೆ ಹಬೆ ನಮ್ಮ ಮೈಮೇಲೆ ನೀರಾಗುತ್ತದೆ, ಆಗ ತನ್ನ ಗುಪ್ತೋಷ್ಣವನ್ನು, ಗ್ರಾಮಿಗೆ ಸುಮಾರು 2,260 ಜೂಲ್‌ನಂತೆ, ಅಲ್ಲಿಯೇ ಬಿಟ್ಟುಕೊಡುತ್ತದೆ. ಬೆವರು ಎಂದು ನಾವು ಒರೆಸಿಕೊಳ್ಳುವುದರಲ್ಲಿ ಒಂದು ಪಾಲು ಈ ಹಬೆಯ ನೀರು. ಕುದಿಯುವ ನೀರಿಗಿಂತ ಹಬೆಯ ಸುಟ್ಟಗಾಯ ಏಕೆ ತೀವ್ರ ಎಂದು ಪರೀಕ್ಷೆಯಲ್ಲಿ ಕೇಳುತ್ತಾರಲ್ಲ, ಅದೇ ಉತ್ತರ.

ಈ ಹಬೆಗೆ ಅವರ ಭಾಷೆಯಲ್ಲಿ ‘ಲೋಯ್ಲು’ ಎಂದು ಹೆಸರು. ಆ ಪದದ ಮೂಲ ಅರ್ಥ ಉಸಿರು, ಪ್ರಾಣ. ಫಿನ್ನಿಷ್ ಭಾಷೆಯ ದೂರದ ಬಂಧುವಾದ ಹಂಗೇರಿಯನ್ ಭಾಷೆಯಲ್ಲಿ ಇದರ ಸೋದರ ಪದಕ್ಕೆ ಈಗಲೂ ಆತ್ಮ ಎಂದೇ ಅರ್ಥ. ನೆಲದ ಮೇಲಿನ ಸ್ಟೂಲಿಗೆ ಆ ಉಸಿರು ಇಳಿದು ಬರುವುದಿಲ್ಲ. ಅಜ್ಜಿ ‘ಇದು ಸೌನಾ ಅಲ್ಲ’ ಎಂದದ್ದು ಹಟದ ಮಾತಾಗಿರಲಿಲ್ಲ.

ಯಾರಿಗೆ ಯಾವ ಮೆಟ್ಟಿಲು

ಎತ್ತರದ ಜಗಲಿ ಕಟ್ಟುವವರು ತಗ್ಗಿನ ಮೆಟ್ಟಿಲನ್ನೂ ಅಷ್ಟೇ ಕಾಳಜಿಯಿಂದ ಕಟ್ಟುತ್ತಾರೆ. ಮಕ್ಕಳ ಮೈ ತೂಕಕ್ಕೆ ಹೋಲಿಸಿದರೆ ಚರ್ಮದ ವಿಸ್ತಾರ ಹೆಚ್ಚು, ಆದ್ದರಿಂದ ಅವು ದೊಡ್ಡವರಿಗಿಂತ ಬೇಗ ಕಾಯುತ್ತವೆ. ಮಕ್ಕಳ ಜಾಗ ಕೆಳಗಿನ ಮೆಟ್ಟಿಲು, ಅದೂ ಕೆಲವೇ ನಿಮಿಷ. ಹೊಸಬರೂ ಅಲ್ಲಿಂದಲೇ ಶುರು ಮಾಡಬೇಕು. ಬಿಸಿಗೆ ರಕ್ತನಾಳಗಳು ಹಿಗ್ಗಿರುತ್ತವೆ. ತಟ್ಟನೆ ಎದ್ದು ನಿಂತರೆ ರಕ್ತದೊತ್ತಡ ಇಳಿದು ತಲೆ ಸುತ್ತಬಹುದು. ಅದಕ್ಕೇ ಮೇಲಿನಿಂದ ಇಳಿದವರು ಕೆಳಗಿನ ಮೆಟ್ಟಿಲಲ್ಲಿ ಒಂದೆರಡು ನಿಮಿಷ ಕೂತು ಹೊರಗೆ ಹೋಗಬೇಕು. ಹೃದ್ರೋಗ, ರಕ್ತದೊತ್ತಡ ಇದ್ದವರು ವೈದ್ಯರನ್ನು ಕೇಳದೆ ಒಳಗೆ ಕಾಲಿಡಬಾರದು. ಕುಡಿದು ಹೋಗುವುದಂತೂ ಕೂಡದು.

ಪೂರ್ವ ಫಿನ್‌ಲೆಂಡಿನ 2,315 ಮಧ್ಯವಯಸ್ಕ ಗಂಡಸರನ್ನು ಸುಮಾರು 20 ವರ್ಷ ಗಮನಿಸಿದ ಅಧ್ಯಯನವೊಂದು 2015ರಲ್ಲಿ ಪ್ರಕಟವಾಯಿತು. ವಾರಕ್ಕೆ ನಾಲ್ಕರಿಂದ ಏಳು ಸಲ ಸೌನಾ ಮಾಡುವವರಲ್ಲಿ, ಒಂದೇ ಸಲ ಮಾಡುವವರಿಗಿಂತ, ಹೃದಯ ಸಂಬಂಧಿ ಹಠಾತ್ ಸಾವು ಕಡಿಮೆ ಕಂಡುಬಂದಿತ್ತು. ಎರಡು ಸಂಗತಿ ಒಟ್ಟಿಗೆ ಕಂಡ ಮಾತ್ರಕ್ಕೆ ಒಂದು ಇನ್ನೊಂದಕ್ಕೆ ಕಾರಣವೆಂದು ಹೇಳಲಾಗದು ಎಂಬುದನ್ನು ಮಾತ್ರ ಮರೆಯಬಾರದು. ಆರೋಗ್ಯವಂತರೇ ಹೆಚ್ಚು ಸಲ ಸೌನಾಕ್ಕೆ ಹೋಗಿರಲೂಬಹುದು. ಇನ್ನೊಂದು ಕಡೆಯ ಪಾಠವೂ ಆ ದೇಶದಲ್ಲೇ ಇದೆ. ಹೈನೋಲಾ ಎಂಬ ಊರಿನಲ್ಲಿ 1999ರಿಂದ ಯಾರು ಹೆಚ್ಚು ಹೊತ್ತು ಸೌನಾದಲ್ಲಿ ಕೂರುತ್ತಾರೆ ಎಂಬ ಸ್ಪರ್ಧೆ ನಡೆಯುತ್ತಿತ್ತು. 110 ಡಿಗ್ರಿ ಬಿಸಿ, 30 ಸೆಕೆಂಡಿಗೊಮ್ಮೆ ಅರ್ಧ ಲೀಟರ್ ನೀರು. 2010ರ ಆಗಸ್ಟಿನಲ್ಲಿ ಅಂತಿಮ ಸುತ್ತಿನ ಇಬ್ಬರು ಕುಸಿದುಬಿದ್ದರು. ಒಬ್ಬರು ಸತ್ತರು, ಇನ್ನೊಬ್ಬರು ತೀವ್ರವಾಗಿ ಸುಟ್ಟುಹೋಗಿದ್ದರು. ಆ ಸ್ಪರ್ಧೆ ಅಲ್ಲಿಗೇ ನಿಂತಿತು. ಮಕ್ಕಳಿಗೆ ಎಲ್ಲದರಲ್ಲೂ ಪೈಪೋಟಿ ಕಲಿಸುವ ನಾವು ಹಿರಿಯರು ಈ ಘಟನೆಯನ್ನು ನೆನಪಿಡುವುದು ಒಳ್ಳೆಯದು.

ಎರಡನೆಯ ದಿನ ಸಂಜೆ ಹೊಸ ಜಗಲಿಯ ಕೆಳಗೆ ಬೆಂಕಿ ಬಿತ್ತು. ಮೊದಲ ಸರದಿ ಹೆಂಗಸರದು. ಅಜ್ಜಿ, ಸೊಸೆ, ನನ್ನ ಮಗಳು ಒಳಗೆ ಹೋದರು. ನಾವು ಗಂಡಸರು ಹೊರಗಿನ ಕಟ್ಟೆಯಲ್ಲಿ ಸರೋವರ ನೋಡುತ್ತ ಕುಳಿತೆವು. ಮಗ ಮಾತಾಡಲಿಲ್ಲ. ಒಳಗಿನಿಂದ ಮೆಟ್ಟಿಲ ಸದ್ದನ್ನು ಎಣಿಸುತ್ತಿದ್ದರು ಎಂದು ಕಾಣುತ್ತದೆ. ಸ್ವಲ್ಪ ಹೊತ್ತಿನ ಮೇಲೆ ಚುಯ್ ಎಂಬ ಶಬ್ದ ಕೇಳಿತು, ಇನ್ನೂ ಒಂದು ಸಲ ಕೇಳಿತು. ನೀರು ಹಾಕಿದ್ದು ಅಜ್ಜಿಯೇ, ಮೇಲಿನ ಜಗಲಿಯ ನಡುವೆ ಕೂತು, ಉದ್ದ ಹಿಡಿಯ ಮರದ ಸೌಟಿನಿಂದ ಎಂದು ಮಗಳು ಆಮೇಲೆ ಹೇಳಿದಳು. ಎಂಟು ನಿಮಿಷ ಕೂತು, ಕೈಹಿಡಿ ಹಿಡಿದುಕೊಂಡು ಇಳಿದು, ಕೆಳಗಿನ ಮೆಟ್ಟಿಲಲ್ಲಿ ದಣಿವಾರಿಸಿಕೊಂಡು ಹೊರಗೆ ಬಂದರು. ಮುಖ ಕೆಂಪಗಾಗಿತ್ತು. ಮಗನಿಗೆ ಫಿನ್ನಿಷ್ ಭಾಷೆಯಲ್ಲಿ ಏನೋ ಹೇಳಿ ಕುರ್ಚಿಯ ಕಡೆ ನಡೆದರು. ಏನೆಂದರು ಎಂದು ಕೇಳಿದೆ. ಮೂರನೆಯ ಮೆಟ್ಟಿಲು ಕಿರ್ ಎನ್ನುತ್ತದೆ ಎಂದರಂತೆ.

ಮರುದಿನ ಬೆಳಿಗ್ಗೆ ನಾವು ಹೊರಡುವ ಹೊತ್ತಿಗೆ ಮಗ ಆ ಮೆಟ್ಟಿಲಿನ ಹಲಗೆ ಎತ್ತಿ, ಅಡಿಯ ತೊಲೆಗೆ ತೋಪಡ ಹೊಡೆಯುತ್ತಿದ್ದರು.